ಒಂದೇ ಮುದ್ದೆ ಎಂದು ನಾನು ಹೇಳಿದ್ದು

ಹೊಸದಾಗಿ ಕೆಲಸಕ್ಕೆ ಸೇರಿದ ಇಬ್ಬರು ನರ್ಸ್ ಹುಡುಗಿಯರು ಮೊನ್ನೆ ನಮ್ಮ ಮನೆಗೆ ಬಂದಿದ್ದರು. "ಮೇಡಂ, ಶುಗರ್ ಇರೋರಿಗೆ ಅನ್ನ ಬಿಡಿಸೋದು ಹೇಗೆ? ಎಷ್ಟು ಹೇಳಿದ್ರೂ ಬಿಡಲ್ಲ" ಎಂದರು. ಕಾಫಿ ಕೊಟ್ಟೆ, ಉತ್ತರ ಕೊಡಲಿಲ್ಲ. ಅನ್ನ ಬಿಡಿಸುವುದರಲ್ಲಿ ನಾನು ಒಮ್ಮೆ ಪೂರ್ತಿ ಯಶಸ್ವಿಯಾಗಿದ್ದೆ. ಆ ಯಶಸ್ಸಿನ ಕಥೆ ಒಂದು ಕಾಫಿಯಲ್ಲಿ ಮುಗಿಯುವಂಥದ್ದಲ್ಲ. ಅದಕ್ಕೇ ಬರೆದಿಡುತ್ತಿದ್ದೇನೆ.

ನಾನು ಅಮರಾಪುರದ ಕಡೆಯವಳು, ಮಡಕಶಿರಾ ಸೀಮೆ. ಕೆಲಸ ಸಿಕ್ಕಿದ್ದು ರಾಯದುರ್ಗದ ಕಡೆ. ಎರಡೂ ಆಗ ಆಂಧ್ರದ ಒಂದೇ ಜಿಲ್ಲೆ. ಆದರೂ ಊರಿಗೆ ಹೊರಟರೆ ಬಸ್ಸು ನಡುವೆ ಕರ್ನಾಟಕದೊಳಗೆ ಹೊಕ್ಕು ಹೊರಗೆ ಬರುತ್ತಿತ್ತು. ನಮ್ಮ ಕಡೆ ರಾಗಿ ಮುದ್ದೆ, ಅಲ್ಲಿ ಜೋಳದ ರೊಟ್ಟಿ. ಎರಡೂ ಕಡೆ ಆಮೇಲೆ ಬಂದು ಮಧ್ಯದಲ್ಲಿ ಕೂತದ್ದು ರೇಷನ್ ಅಂಗಡಿಯ ಬಿಳಿ ಅಕ್ಕಿ. ಮೂವತ್ತೊಂದು ವರ್ಷ ಆರೋಗ್ಯ ಕಾರ್ಯಕರ್ತೆಯಾಗಿ ದುಡಿದು, ಮಂಡಿ ನೋವಿನ ನೆಪ ಹೇಳಿ ಐವತ್ತೆರಡಕ್ಕೇ ಸ್ವಯಂ ನಿವೃತ್ತಿ ತೆಗೆದುಕೊಂಡೆ. ಮಂಡಿ ನಿಜವಾಗಿ ನೋಯುತ್ತಿತ್ತು. ಅದಕ್ಕಿಂತ ಹೆಚ್ಚಾಗಿ, ನಾಳೆ ಯಾರಿಗೆ ಏನಾದೀತೋ ಎಂದು ಇವತ್ತೇ ಹೆದರುವ ನನ್ನ ಸ್ವಭಾವಕ್ಕೆ ವಿಶ್ರಾಂತಿ ಬೇಕಿತ್ತು. ಸಿಕ್ಕಿಲ್ಲ. ಈಗ ನೆರೆಮನೆಯವರ ಬಿ.ಪಿ. ಕುರಿತು ಹೆದರುತ್ತೇನೆ.

ಈ ಕೆಲಸದ ವಿಚಿತ್ರವೊಂದನ್ನು ಮೊದಲೇ ಹೇಳಿಬಿಡುತ್ತೇನೆ. ಸರ್ವಿಸಿನ ಮೊದಲ ಅರ್ಧ ನಾನು ಜನರಿಗೆ "ತಿನ್ನಿ" ಎಂದೆ. ಬಸುರಿಯರು ಒಣಗಿದ್ದರು, ಮಕ್ಕಳ ತೂಕ ಏರುತ್ತಿರಲಿಲ್ಲ. ಗಂಜಿ ಕುಡಿಸಿ, ಇನ್ನೊಂದು ತುತ್ತು ಹಾಕಿ, ಇದೇ ಜಪ. ಉಳಿದ ಅರ್ಧ ಅದೇ ಬೀದಿಗಳಲ್ಲಿ, ಕೆಲವೊಮ್ಮೆ ಅದೇ ಮನುಷ್ಯರಿಗೆ "ತಿನ್ನಬೇಡಿ" ಎಂದೆ. ರಾಯದುರ್ಗದ ಪಕ್ಕದ ಗುಮ್ಮಘಟ್ಟದ ಒಬ್ಬಳು ಅಜ್ಜಿ ಕೇಳಿಯೇಬಿಟ್ಟಳು: "ಅಲ್ರಿ ಸಿಸ್ಟರಮ್ಮ, ನನ್ ಮಗಳ ಹೆರಿಗ್ಯಾಗ ಉಣ್ಣು ಉಣ್ಣು ಅಂತ ಜೀವ ತಿಂದ್ರಿ, ಈಗ ಉಣಬ್ಯಾಡ ಅಂತ ತಿಂತೀರಿ. ನೀವು ಉಂಡೀರೇನು ಮೊದ್ಲು?" ಉಂಡಿರಲಿಲ್ಲ. ಫೀಲ್ಡಿಗೆ ಹೋದ ದಿನ ಮಧ್ಯಾಹ್ನದ ಊಟ ನಾಲ್ಕು ಗಂಟೆಗೆ.

ವಿಧಾನಗಳೂ ಬದಲಾದವು. ನಾನು ಸೇರಿದಾಗ ಸಕ್ಕರೆ ಕಾಯಿಲೆ ಪತ್ತೆ ಎಂದರೆ ಗಾಜಿನ ನಳಿಕೆಯಲ್ಲಿ ನೀಲಿ ದ್ರಾವಣ ಹಾಕಿ, ಮೂತ್ರದ ಕೆಲವು ಹನಿ ಬಿಟ್ಟು, ಸ್ಪಿರಿಟ್ ದೀಪದ ಮೇಲೆ ಕಾಯಿಸುವುದು. ನೀಲಿ ನೀಲಿಯಾಗಿಯೇ ಉಳಿದರೆ ನೆಮ್ಮದಿ, ಇಟ್ಟಿಗೆ ಬಣ್ಣಕ್ಕೆ ತಿರುಗಿದರೆ ಕಾಯಿಲೆ ಜೋರು. ಆಮೇಲೆ ಅಂಗೈಯಗಲದ ಯಂತ್ರ ಬಂತು. ಬೆರಳು ಚುಚ್ಚಿದರೆ ನಂಬರು ತೋರಿಸುತ್ತದೆ. ಜೊತೆಗೆ ಎಲ್ಲಿಂದಲೋ ಅಚ್ಚಾಗಿ ಬಂದ ಆಹಾರದ ಚಾರ್ಟು. ಅದರಲ್ಲಿ ಸೇಬು, ಕಂದು ಬ್ರೆಡ್ಡು, ಬಟ್ಟಲು ತುಂಬ ಓಟ್ಸು. ಅದನ್ನು ಗೋಡೆಗೆ ಹಚ್ಚಿದ ದಿನ ಕುರಿ ಕಾಯುವ ಮುದುಕನೊಬ್ಬ ಓಟ್ಸಿನ ಚಿತ್ರದ ಮುಂದೆ ಬಹಳ ಹೊತ್ತು ನಿಂತು, "ಇದು ಯಾವ ದನಕ್ಕ ಇಡೋದ್ರಿ?" ಎಂದು ಕೇಳಿದ. ನಮ್ಮ ಮುದ್ದೆ, ರೊಟ್ಟಿ, ನವಣೆ ಅನ್ನ ಯಾವುದೂ ಆ ಚಾರ್ಟಿನಲ್ಲಿ ಇರಲಿಲ್ಲ. ಆಗ ನಾನು ಅದಕ್ಕೆ ತಲೆ ಕೆಡಿಸಿಕೊಳ್ಳಲಿಲ್ಲ. ಎಲ್ಲದಕ್ಕೂ ತಲೆ ಕೆಡಿಸಿಕೊಳ್ಳುವವಳು ಕೆಡಿಸಿಕೊಳ್ಳಬೇಕಾದ ಒಂದನ್ನೇ ಬಿಟ್ಟೆ.

ಅದು ರಾಯದುರ್ಗದಲ್ಲಿ ಓಣಿಗೊಂದು ಜೀನ್ಸ್ ಹೊಲಿಯುವ ಯೂನಿಟ್ ಎದ್ದಿದ್ದ ಕಾಲ. ಸುತ್ತಲ ಊರುಗಳಿಂದ ಜನ ಬಂದು ಬಾಡಿಗೆ ಮನೆ ಹಿಡಿದು ಹೊಲಿಯುತ್ತಿದ್ದರು. ನಮ್ಮ ಆಸ್ಪತ್ರೆಯ ಡಾಕ್ಟರು ಯೂನಿಟ್ಟುಗಳಲ್ಲೇ ಶುಗರ್ ತಪಾಸಣೆ ಮಾಡಿಸಿದರು. ಕರಾವಳಿ ಆಂಧ್ರದವರು, ಕನ್ನಡ ಅರ್ಥವಾಗುತ್ತಿತ್ತು, ಬಾಯಿಗೆ ಬರುತ್ತಿರಲಿಲ್ಲ. ಒಂದು ಯೂನಿಟ್ಟಿನ ಮಹಡಿಯ ಮೇಲೆ ನಲವತ್ತು ಮಿಷನ್ನುಗಳ ಗದ್ದಲದ ನಡುವೆ ನಾನು ಬೆರಳು ಚುಚ್ಚುತ್ತ ಹೋಗುವಾಗ ಸಿಕ್ಕವನು ತಿಪ್ಪೇಸ್ವಾಮಿ. ನಲವತ್ತು ದಾಟಿದ ಟೈಲರು, ಗುಮ್ಮಘಟ್ಟದ ಕಡೆಯ ಕುರಿಯವರ ಮನೆಯವನು. ಊರಲ್ಲಿದ್ದಾಗ ಕುರಿ ಹಿಂದೆ ದಿನವಿಡೀ ನಡೆದವನು ಈಗ ದಿನವಿಡೀ ಸ್ಟೂಲಿನ ಮೇಲೆ. ಊಟ ಮಾತ್ರ ಕುರಿ ಕಾಯುವವನದೇ ಉಳಿದಿತ್ತು. ಯಂತ್ರ ತೋರಿಸಿದ ನಂಬರು ಮುನ್ನೂರರ ಮೇಲೆ.

ಡಾಕ್ಟರು ಹೊತ್ತಿಗೊಂದರಂತೆ ಎರಡು ಮಾತ್ರೆ ಬರೆದು ನನ್ನ ಕಡೆ ತಿರುಗಿ, "ಅನ್ನಂ ತಗ್ಗಿಂಚಮನಿ ಚೆಪ್ಪಮ್ಮಾ" ಎಂದರು. ಅನ್ನ ಕಡಿಮೆ ಮಾಡಲು ಹೇಳು, ಅಷ್ಟೇ.

ನಾನು ಅಷ್ಟನ್ನೇ ಹೇಳಬಹುದಿತ್ತು. ಆದರೆ ಅಷ್ಟು ವರ್ಷಗಳಲ್ಲಿ ಒಂದು ಬುದ್ಧಿವಂತಿಕೆ ಕಲಿತಿದ್ದೆ. ಸಂತೆಯಲ್ಲಿ ಚೌಕಾಸಿ ಮಾಡಿದ ಹಾಗೆ. ಕಡಿಮೆ ಮಾಡಿ ಎಂದರೆ ಯಾರೂ ಮಾಡುವುದಿಲ್ಲ, ಪೂರ್ತಿ ಬಿಡಿ ಎಂದರೆ ಅರ್ಧಕ್ಕಾದರೂ ಇಳಿಯುತ್ತಾರೆ. ಹಾಗಾಗಿ ಮುಖ ಗಂಭೀರ ಮಾಡಿಕೊಂಡು, "ಅನ್ನ ಬಿಟ್ಟುಬಿಡಿ. ಅನ್ನ, ರೊಟ್ಟಿ, ಮುದ್ದೆ ಎಲ್ಲಾ ಸಕ್ಕರೆಯೇ. ಕಾಲು ಹೋಗುತ್ತೆ, ಕಣ್ಣು ಹೋಗುತ್ತೆ" ಎಂದೆ. ಹೆದರುವವರಿಗೆ ಹೆದರಿಸುವುದು ಚೆನ್ನಾಗಿ ಬರುತ್ತದೆ.

ತಿಪ್ಪೇಸ್ವಾಮಿ, "ಆತ್ರಿ" ಎಂದ.

ನನ್ನ ಮಾತನ್ನು ಪೂರ್ತಿ ಕೇಳುವವನೊಬ್ಬ ಸಿಗುತ್ತಾನೆಂದು ನಾನು ಎಣಿಸಿಯೇ ಇರಲಿಲ್ಲ.

ಐದನೆಯ ದಿನ ಬೆಳಗ್ಗೆ ಹನ್ನೊಂದಕ್ಕೆ ಯೂನಿಟ್ಟಿನಿಂದ ಫೋನು ಬಂತು. ಓಡಿದೆ. ತಿಪ್ಪೇಸ್ವಾಮಿ ಮಿಷನ್ನಿನ ಮುಂದೆಯೇ ಬೆವರಿ ನಡುಗಿ ಸ್ಟೂಲಿನಿಂದ ಜಾರಿದ್ದ. ಯಾರೋ ಪುಣ್ಯಾತ್ಮರು ಸಕ್ಕರೆ ಹಾಕಿದ ಚಹಾ ಕುಡಿಸಿದ್ದರಿಂದ ನಾನು ಹೋಗುವಷ್ಟರಲ್ಲಿ ಎದ್ದು ಕೂತಿದ್ದ. ಆದರೆ ಬೀಳುವಾಗ ಬಲಗಾಲಿನ ಹೆಬ್ಬೆರಳು ಮಿಷನ್ನಿನ ಕಬ್ಬಿಣದ ಕಾಲಿಗೆ ಸಿಕ್ಕಿ ಉಗುರು ಎದ್ದುಹೋಗಿತ್ತು.

"ಬೆಳಿಗ್ಗೆ ಏನು ತಿಂದ್ರಿ?"

"ಗುಳಿಗಿ ನುಂಗೀನ್ರಿ."

"ಅದಲ್ಲ, ಊಟ, ತಿಂಡಿ?"

"ಏನೂ ಇಲ್ರಿ. ನೀವ ಬಿಡು ಅಂದ್ರಲ್ಲ. ಅನ್ನ ಬಿಟ್ಟೆ, ರೊಟ್ಟಿ ಬಿಟ್ಟೆ. ಒಂದೊಪ್ಪತ್ತು ತತ್ತಿ, ಒಂದೊಪ್ಪತ್ತು ಪಲ್ಯ." ನನ್ನ ಮುಖ ನೋಡಿ, "ತಪ್ಪಾತೇನ್ರಿ?" ಎಂದ.

ಸಕ್ಕರೆ ಇಳಿಸುವ ಮಾತ್ರೆ ಹೊಟ್ಟೆಯಲ್ಲಿತ್ತು, ಇಳಿಸಲು ಅಲ್ಲಿ ಏನೂ ಇರಲಿಲ್ಲ. ಹುಡುಗಿಯರೇ, ಇದನ್ನು ಪುಸ್ತಕದಲ್ಲಿ ಓದಿರುತ್ತೀರಿ, ನಾನೂ ಓದಿದ್ದೆ. ಮಾತ್ರೆ ನುಂಗುವವನಿಗೆ ಹೊತ್ತು ಹೊತ್ತಿಗೆ ಪಿಷ್ಟವೂ ಹೊಟ್ಟೆಗೆ ಬೀಳಬೇಕು. ಮೈಗೆ ದುಡಿಯುವ ಬಲ ಬರುವುದೇ ಅದರಿಂದ. ಅದು ವೈರಿಯಲ್ಲ. ತಪ್ಪು ನನ್ನದು ಎಂದು ಅವನಿಗೆ ಅಲ್ಲೇ ಹೇಳಿದೆ. ಅವನು ನಂಬಲಿಲ್ಲ. ಸರ್ಕಾರದವರು ತಪ್ಪು ಒಪ್ಪಿಕೊಳ್ಳುವುದನ್ನು ಅವನು ಮೊದಲು ನೋಡಿರಲಿಲ್ಲವೇನೋ.

ಡಾಕ್ಟರ ಮುಂದೆ ನಿಂತು ಒಪ್ಪಿಸುವುದು ಅದಕ್ಕಿಂತ ಕಷ್ಟವಾಯಿತು. ದಾರಿಯುದ್ದಕ್ಕೂ ಮೆಮೋ, ಅಮಾನತು, ಪಿಂಚಣಿ ಎಲ್ಲ ಕಣ್ಣ ಮುಂದೆ ಬಂದವು. ಅವರು ಕೇಳಿಸಿಕೊಂಡು, "ನೇನು ಮಾನೇಯಮನ್ನಾನಾ?" ಎಂದರು, ಬಿಟ್ಟುಬಿಡಲು ನಾನು ಹೇಳಿದ್ದೆನಾ ಎಂದು. ಇಲ್ಲ ಎಂದೆ. ಬಯ್ಯಲಿಲ್ಲ. ಅವನ ಕೇಸ್ ಶೀಟಿನ ಮೇಲೆ ನನ್ನ ಹೆಸರು ಬರೆದು, ಇವನ ಊಟ ಇನ್ನು ನಿನ್ನ ಕೆಲಸ ಎಂದು ಕೈಗೆ ಕೊಟ್ಟರು. ಮೆಮೋ ಕೊಟ್ಟಿದ್ದರೆ ಹಗುರವಾಗುತ್ತಿತ್ತು.

ಮರುದಿನ ತಿಪ್ಪೇಸ್ವಾಮಿಯ ಮನೆಗೆ ಹೋದೆ. ಒಂದೇ ಕೋಣೆ, ಹಿಂದೆ ನೀರಿನ ಕಟ್ಟೆ. ಅವನ ಹೆಂಡತಿ ಗಂಗಮ್ಮ ಮಾತನಾಡಿದ ಕೂಡಲೇ ನಮ್ಮ ಮಡಕಶಿರಾ ಕಡೆಯವಳೆಂದು ಗೊತ್ತಾಯಿತು. ಅವಳಿಗೂ ನಾನು ಗೊತ್ತಾದೆ. ಅಂದಿನಿಂದ ಸಿಸ್ಟರಮ್ಮ ಹೋಗಿ ಅಕ್ಕ ಆದೆ, ನೀವು ಹೋಗಿ ನೀನು ಆದೆ. ಗಂಡ ಬಿದ್ದ ಮೇಲೆ ಹೆದರಿ ಅವಳು ಮತ್ತೆ ಹೊತ್ತು ಹೊತ್ತಿಗೂ ಅನ್ನ ಬಡಿಸತೊಡಗಿದ್ದಳು. ಈ ಸಲ ನಾನು ಬಹಳ ಯೋಚಿಸಿ, ಅಳೆದು ಮಾತನಾಡಿದೆ. ಹೊತ್ತು ತಪ್ಪಿಸಬೇಡ. ಬಿಳಿ ಅನ್ನದ ಬದಲು ರಾಗಿ ಕೊಡು, ನಾರು ಇರುತ್ತೆ, ಹೊಟ್ಟೆಯಲ್ಲಿ ನಿಧಾನ ಕರಗುತ್ತೆ. ಆದರೆ ಹೊತ್ತಿಗೆ ಒಂದೇ ಮುದ್ದೆ.

"ಒಂದೇನಾ?" ಎಂದಳು.

"ಒಂದೇ."

"ಆಗ್ಲಿ ಕಣಕ್ಕ. ಒಂದೇ."

ನಾನು ನೆಮ್ಮದಿಯಿಂದ ಮನೆಗೆ ಬಂದೆ. ನನ್ನ ಜೀವನದಲ್ಲಿ ನೆಮ್ಮದಿ ಅಪರೂಪವಾದ್ದರಿಂದಲೇ ಅನುಮಾನ ಬರಬೇಕಿತ್ತು.

ಮೂರು ವಾರವಾದರೂ ನಂಬರು ಇಳಿಯಲಿಲ್ಲ. ಹೆಬ್ಬೆರಳಿನ ಗಾಯ ಮುಚ್ಚಲಿಲ್ಲ, ಅಂಚು ಕಪ್ಪಾಗತೊಡಗಿತು. ಡಾಕ್ಟರು ಬಳ್ಳಾರಿಗೆ ಕಳಿಸಿದರು, ಜೊತೆಗೆ ನಾನೂ ಹೋದೆ. ಅಲ್ಲಿನ ಶಸ್ತ್ರಚಿಕಿತ್ಸೆಯ ಡಾಕ್ಟರು ಗಾಯ ತೊಳೆದು, ಔಷಧ ಕೊಟ್ಟು, ನೇರವಾಗಿ ಹೇಳಿದರು: "ಹದಿನೈದು ದಿನ ನೋಡ್ತೀನಿ. ಶುಗರ್ ಹಿಡಿತಕ್ಕೆ ಬಂದು ಗಾಯ ಕೆಂಪಾದ್ರೆ ಸರಿ. ಇಲ್ಲಾಂದ್ರೆ ಬೆರಳು ತೆಗೀಬೇಕು. ಅಲ್ಲಿಗೇ ನಿಲ್ಲುತ್ತೆ ಅಂತ ನಾನು ಹೇಳಕ್ಕಾಗಲ್ಲ."

ತಿಪ್ಪೇಸ್ವಾಮಿ ಕಾಲನ್ನು ನೋಡಿಕೊಂಡ. "ಪೆಡಲ್ ಒತ್ತೋ ಕಾಲ್ರಿ ಇದು" ಎಂದ, ಡಾಕ್ಟರಿಗೆ ಅದು ಗೊತ್ತಿಲ್ಲದೆ ಹೀಗೆ ಹೇಳುತ್ತಿದ್ದಾರೆ ಎನ್ನುವಂತೆ.

ಆಗಲೇ ಅವನು ಮಿಷನ್ ಬಿಟ್ಟು, ಯೂನಿಟ್ಟಿನ ಮೂಲೆಯಲ್ಲಿ ಕಾಲು ಮೇಲಿಟ್ಟುಕೊಂಡು ಹೊಲಿದ ಪ್ಯಾಂಟುಗಳ ದಾರ ಕತ್ತರಿಸಲು ಕೂತಿದ್ದ. ಅದು ಹೆಂಗಸರ ಕೆಲಸ. "ಏನ್ ಮಾವ, ಸೀರಿ ಯಾವಾಗ ಉಡ್ತೀ?" ಎಂದು ಅಲ್ಲಿನ ಹೆಂಗಸರೇ ಕೆಣಕುತ್ತಿದ್ದರು. ಇವನು ನಗುತ್ತಿದ್ದ, ಕತ್ತರಿ ಮಾತ್ರ ಜೋರಾಗಿ ಸದ್ದು ಮಾಡುತ್ತಿತ್ತು.

ಬಳ್ಳಾರಿಯಿಂದ ಬಂದ ಮರುದಿನ, ಯಾರಿಗೂ ಹೇಳದೆ ಮಧ್ಯಾಹ್ನ ಊಟದ ಹೊತ್ತಿಗೆ ಅವನ ಮನೆಗೆ ಹೋದೆ. ಮೂರು ವಾರದಲ್ಲಿ ನಾನು ಎಷ್ಟೋ ಸಲ ಅಲ್ಲಿಗೆ ಹೋಗಿದ್ದೆ. ಬೆಳಗ್ಗೆ, ಸಂಜೆ. ಊಟ ಮಾಡುವಾಗ ಹೋಗುವುದು ಮರ್ಯಾದೆಯಲ್ಲ ಎಂದು ಆ ಹೊತ್ತನ್ನೇ ತಪ್ಪಿಸಿದ್ದೆ. ಊಟದ ಬಗ್ಗೆ ಉಪದೇಶ ಮಾಡುವವಳು ಊಟವನ್ನೇ ನೋಡಿರಲಿಲ್ಲ.

ತಿಪ್ಪೇಸ್ವಾಮಿ ಯೂನಿಟ್ಟಿನಿಂದ ಊಟಕ್ಕೆ ಬಂದು ಗೋಡೆಗೆ ಒರಗಿ ಕೂತಿದ್ದ. ಗಂಗಮ್ಮ ತಟ್ಟೆಗೆ ಮುದ್ದೆ ಇಟ್ಟಳು. ಒಂದೇ. ಸಣ್ಣ ಮಗುವಿನ ತಲೆಯಷ್ಟು ದಪ್ಪ. ಅದರ ಸುತ್ತ ಸಾರು ಬಿಡಲು ಜಾಗ ಹುಡುಕಬೇಕಿತ್ತು.

"ಗಂಗಮ್ಮ, ಇದೇನೇ ಇದು?"

"ಮುದ್ದೆ."

"ಇದು ಒಂದು ಮುದ್ದೆನಾ?"

"ಇನ್ನೇನಕ್ಕ, ಎಣ್ಸು ಬೇಕಾದ್ರೆ. ಎಲ್ಡು ಕಾಣುಸ್ತಾವಾ?"

ತಿಪ್ಪೇಸ್ವಾಮಿ ಮಧ್ಯೆ ಬಂದ. "ಒಂದ ಐತ್ರಿ ಸಿಸ್ಟರಮ್ಮ. ನೀವು ಹೇಳಿದ್ ದಿನದಿಂದ ಎರಡನೇದು ಮುಟ್ಟಿಲ್ರಿ, ನನ್ನಾಣಿ."

ಮುದ್ದೆಯ ಒಂದು ತುಣುಕು ಮುರಿದು ನೋಡಿದೆ. ಒಳಗೆ ಬಿಳಿ ಅಕ್ಕಿ ನುಚ್ಚು ಚೆನ್ನಾಗಿ ಬೆಂದು ಕೂತಿತ್ತು.

"ಅನ್ನ ಬೇಡ ಅಂದಿದ್ದೆನಲ್ಲ?"

"ಅನ್ನ ಎಲ್ಲಕ್ಕ ಇಕ್ಕಿದೀನಿ? ನುಚ್ಚು ಹಾಕ್ದಲೆ ಇದು ನುಣ್ಣಗೆ ಆಯ್ತದಾ? ನೀನೂ ನಮ್ ಕಡೆಯೋಳೇ, ನಿಮ್ಮವ್ವ ಹಾಕ್ತಿರ್ಲಿಲ್ವಾ?"

ನಮ್ಮವ್ವ ಹಾಕುತ್ತಿದ್ದಳು. ಮುದ್ದೆಗೆ ಅಳತೆ ಎಂಬುದಿಲ್ಲ, ಕಟ್ಟುವ ಕೈಯೇ ಅಳತೆ ಎಂಬುದೂ ನನಗೆ ಗೊತ್ತಿತ್ತು. ಒಂದೊಂದು ಮನೆಯ ಮುದ್ದೆ ಒಂದೊಂದು ಗಾತ್ರ. ಅದನ್ನು ತಿಂದು ಬೆಳೆದವಳು ನಾನು, ಚೀಲದಲ್ಲಿ ಯಂತ್ರ ಹಾಕಿಕೊಂಡು ಬಂದ ಮೇಲೆ ಮರೆತಿದ್ದೆ.

"ಇದರಲ್ಲಿ ಅರ್ಧ ಇಡು" ಎಂದೆ.

ಗಂಗಮ್ಮನ ಮುಖ ಬಿಗಿದುಕೊಂಡಿತು. "ಅದೊಂದು ಆಗಾಕಿಲ್ಲ ಕಣಕ್ಕ. ಮುದ್ದೆ ಮುರ್ದು ಗಂಡನ ತಟ್ಟೆಗೆ ಇಕ್ಕಾದಾ? ಬಾಗ್ಲು ತೆಕ್ಕಂಡೇ ಉಣ್ಣೋ ಮನೆ ಇದು. ವಠಾರದೋರು ನೋಡಿದ್ರೆ ಏನಂತಾರೆ? ದುಡಿಯಾಕೆ ಆಗ್ದೆ ಕೂತವ್ನೆ ಅಂತ ಹೆಂಡ್ರು ಅರ್ಧ ಹೊಟ್ಟೆಗೆ ಆಕ್ತಾಳೆ ಅನ್ನಲ್ವಾ?"

ನಾನು ತಟ್ಟೆ ಬದಿಗೆ ಸರಿಸಿ, ಅವಳ ಗಂಡನ ಕಾಲಿನ ಪಟ್ಟಿ ಬಿಚ್ಚಿದೆ. ಗಾಯ ತೊಳೆಯುವುದನ್ನು ಅವಳು ಯಾವತ್ತೂ ನೋಡಿರಲಿಲ್ಲ, ಆ ಹೊತ್ತಿಗೆ ಹೊರಗೆ ಹೋಗಿಬಿಡುತ್ತಿದ್ದಳು. ಈ ಸಲ ಕೈ ಹಿಡಿದು ಕೂರಿಸಿಕೊಂಡೆ. ಹೆದರಿಸಲಿಲ್ಲ. ಕಪ್ಪಾದ ಅಂಚು ಯಾವುದು, ಕೆಂಪು ಮಾಂಸ ಎಲ್ಲಿ ಬರಬೇಕು, ಹದಿನೈದು ದಿನದಲ್ಲಿ ಆಗಲೇ ಒಂದು ಹೋಯಿತು ಎಂದಷ್ಟೇ ತೋರಿಸಿದೆ. ಅವಳು ಎದ್ದು ಹಿಂದಿನ ಕಟ್ಟೆಗೆ ಹೋದಳು. ವಾಪಸ್ಸು ಬರುವಾಗ ಕೈಯಲ್ಲಿ ಮಜ್ಜಿಗೆ ಕುಡಿಯುವ ಪುಟ್ಟ ಸ್ಟೀಲಿನ ಬಟ್ಟಲು.

"ಅಕ್ಕ, ಇದ್ರಾಗೆ ಕಟ್ಟಿದ್ರೆ?"

ಬಟ್ಟಲಿಗೆ ನೀರು ಸವರಿ, ಪಾತ್ರೆಯಲ್ಲಿದ್ದ ಬೆಂದ ಹಿಟ್ಟು ಹಾಕಿ ತಿರುವಿದಳು. ನಿಂಬೆಗಿಂತ ದೊಡ್ಡ, ಮೋಸಂಬಿಗಿಂತ ಚಿಕ್ಕ ಮುದ್ದೆ ಬಂತು. ಇನ್ನೊಂದು ಕಟ್ಟಿ ಪಕ್ಕದಲ್ಲಿ ಇಟ್ಟಳು. ಎರಡೂ ಸೇರಿ ಮೊದಲಿನದರ ಅರ್ಧವೂ ಇರಲಿಲ್ಲ.

"ಎಲ್ಡು ಮುದ್ದೆ ಇಕ್ಕಿದೀನಿ. ಈಗ ಯಾರು ಏನಂತಾರೋ ಅನ್ಲಿ" ಎಂದಳು.

ನಾನು ಇಷ್ಟು ವರ್ಷದಲ್ಲಿ ಕೊಟ್ಟ ಸಲಹೆಗಳಲ್ಲಿ ಒಂದೂ ಇದಕ್ಕೆ ಸಮನಿಲ್ಲ. ಇದು ನನ್ನದೂ ಅಲ್ಲ. ಖಾಲಿಯಾದ ಜಾಗಕ್ಕೆ ನಾವಿಬ್ಬರೂ ಸೇರಿ ಬೇರೆ ತುಂಬಿದೆವು. ದಪ್ಪಗೆ ಸೊಪ್ಪಿನ ಸಾರು, ಹುರುಳಿ, ಹಸಿ ಸೌತೆಕಾಯಿ. ಮುದ್ದೆಯಿಂದ ನುಚ್ಚು ಹೋಯಿತು. "ಗಂಟ್ಲಾಗ ಹಿಡಿತದ್ರಿ" ಎಂದು ತಿಪ್ಪೇಸ್ವಾಮಿ ಎರಡು ದಿನ ಗೊಣಗಿದ, ಮೂರನೆಯ ದಿನ ಸಾರು ಜಾಸ್ತಿ ಹಾಕಿಸಿಕೊಂಡ. ಊಟವಾಗಿ ಎರಡು ಗಂಟೆಗೆ ಸರಿಯಾಗಿ ನಾನು ಬೆರಳು ಚುಚ್ಚುತ್ತಿದ್ದೆ, ದಿನವೂ.

ನಂಬರು ಇಳಿಯಿತು. ಆದರೆ ಬೇಕಾದಷ್ಟಲ್ಲ. ಆರನೆಯ ದಿನ ಯೂನಿಟ್ಟಿಗೆ ಹೋದಾಗ ಉಳಿದದ್ದು ಎಲ್ಲಿದೆ ಎಂದು ತಿಳಿಯಿತು. ಹನ್ನೊಂದಕ್ಕೆ ಚಹಾದ ಹೊತ್ತು. ಎಲ್ಲರ ಮುಂದೆ ಕಾಗದದ ತುಂಬ ಒಗ್ಗಾಣಿ, ಅಂದರೆ ಒಗ್ಗರಣೆ ಹಾಕಿದ ಮಂಡಕ್ಕಿ. ತಿಪ್ಪೇಸ್ವಾಮಿಯ ಮುಂದೆಯೂ.

"ಇದು ಯಾಕ ತಿಂತೀರಿ?" ನನ್ನ ಬಾಯಿಗೂ ಅವರ ಮಾತು ಬಂದುಬಿಟ್ಟಿತ್ತು.

"ಇದ್ರಾಗ ಏನೈತ್ರಿ, ಬರೇ ಗಾಳಿ. ಊದಿದ್ರ ಹಾರಿ ಹೋಗ್ತದ."

"ಆ ಗಾಳಿ ಮಾಡಿರೋದು ಅಕ್ಕಿಯಿಂದ. ಅನ್ನಕ್ಕಿಂತ ಜಲ್ದಿ ರಕ್ತಕ್ಕೆ ಇಳಿಯುತ್ತೆ."

ಮರುದಿನದಿಂದ ಗಂಗಮ್ಮ ಬೇಯಿಸಿದ ಅಲಸಂದೆ ಕಾಳಿಗೆ ಈರುಳ್ಳಿ ಹಾಕಿ ಡಬ್ಬಿಯಲ್ಲಿ ಕಳಿಸಿದಳು. "ಮಾವ, ಕುರಿ ಬಿಟ್ ಬಂದ್ರೂ ಕುರಿ ಮೇವು ಬಿಡ್ಲಿಲ್ಲ ನೀನು" ಎಂದು ಹೆಂಗಸರು ನಕ್ಕರು. ಮೂರು ದಿನ ಕಳೆದು ನೋಡಿದರೆ ಆ ಡಬ್ಬಿಯಲ್ಲಿ ನಾಲ್ಕು ಕೈಗಳಿದ್ದವು. ತಿಪ್ಪೇಸ್ವಾಮಿಗೆ ಕಾಳು ಸಾಲುತ್ತಿಲ್ಲವೆಂದು ಗಂಗಮ್ಮ ದೊಡ್ಡ ಡಬ್ಬಿ ಕೊಂಡಳು.

ಹದಿನೈದನೆಯ ದಿನ ಮೂವರೂ ಬಳ್ಳಾರಿಯ ಬಸ್ಸು ಹತ್ತಿದೆವು. ಹಿಂದಿನ ಸಂಜೆ ನಂಬರು ಒಳ್ಳೆಯದೇ ಬಂದಿತ್ತು. ಆದರೂ ನಾನು ದಾರಿಯುದ್ದಕ್ಕೂ ಯಂತ್ರವೇ ಕೆಟ್ಟಿರಬಹುದೆಂದು ಯೋಚಿಸಿದೆ. ಪರೀಕ್ಷೆಗೆಂದು ಬಸ್ಸಿನಲ್ಲಿಯೇ ನನ್ನ ಬೆರಳನ್ನೂ ಚುಚ್ಚಿಕೊಂಡೆ. ಗಂಗಮ್ಮ ನೋಡಿ, "ನಿಂಗೇನಾಗೈತೆ?" ಎಂದಳು. "ಏನಿಲ್ಲ, ಸುಮ್ನೆ" ಎಂದೆ. "ನಿಂಗೆ ಇರೋ ಕಾಯ್ಲೆ ಇದ್ರಾಗೆ ಕಾಣ್ಸಲ್ಲ ಬಿಡಕ್ಕ" ಎಂದು ಕಿಟಕಿ ಕಡೆ ತಿರುಗಿದಳು.

ಶಸ್ತ್ರಚಿಕಿತ್ಸೆಯ ಡಾಕ್ಟರು ಪಟ್ಟಿ ಬಿಚ್ಚಿ, ಬೆರಳಿನ ಸುತ್ತ ಒತ್ತಿ, ನೋವಾಗುತ್ತಾ ಎಂದು ಕೇಳಿದರು. ತಿಪ್ಪೇಸ್ವಾಮಿ ಹಲ್ಲು ಕಚ್ಚಿ, "ಇಲ್ರಿ" ಎಂದ. "ಆಗ್ಬೇಕು ಕಣಯ್ಯ, ಆದ್ರೇ ಒಳ್ಳೇದು. ನಿಜ ಹೇಳು." ಆಗ ಇವನು, "ಹಂಗಾದ್ರ ಜೀವ ಹೋಗ್ತೈತ್ರಿ" ಎಂದ. ಡಾಕ್ಟರು ದೀಪ ಹತ್ತಿರ ಎಳೆದು ಇನ್ನೊಮ್ಮೆ ನೋಡಿದರು. ಕಪ್ಪು ಅಂಚು ಉದುರಿ ಒಳಗಿಂದ ಕೆಂಪು ಕಟ್ಟಿಕೊಂಡು ಬರುತ್ತಿತ್ತು. ಅವರು ಹೊಸ ಪಟ್ಟಿ ಕೇಳಿದರು. ಕತ್ತರಿಸುವ ಮಾತು ಎತ್ತಲೇ ಇಲ್ಲ. ತಿಂಗಳು ಬಿಟ್ಟು ಪೆಡಲ್ ಒತ್ತಬಹುದು ಎಂದು ಬರೆದುಕೊಟ್ಟರು.

ಹೊರಗೆ ಬಂದು ಬೇವಿನ ಮರದ ಕಟ್ಟೆಯ ಮೇಲೆ ಕೂತೆವು. ಗಂಗಮ್ಮ ಡಬ್ಬಿ ಬಿಚ್ಚುತ್ತಿದ್ದಳು. ಮಾತ್ರೆ ನುಂಗಿ ಹೊತ್ತಾಗಿತ್ತು. ತಿಪ್ಪೇಸ್ವಾಮಿ ನನ್ನ ಕಡೆ ತಿರುಗಿ, ಬಹಳ ದಿನದಿಂದ ಒಳಗಿಟ್ಟುಕೊಂಡಿದ್ದನ್ನು ಕೇಳಿದ.

"ಸಿಸ್ಟರಮ್ಮ, ಸಿಟ್ಟಾಗಬ್ಯಾಡ್ರಿ. ಇನ್ಮ್ಯಾಲ ಯಾವಾಗರ ಒಮ್ಮಿ ಅನ್ನ ಉಣಬೋದೇನ್ರಿ?"

ಬೇಡ ಎಂಬ ಮಾತು ಅಭ್ಯಾಸ ಬಲದಿಂದ ನಾಲಗೆಯ ತುದಿಗೇ ಬಂದಿತ್ತು. ಅದನ್ನು ನುಂಗಿ, "ಎಷ್ಟು?" ಎಂದು ಕೇಳಿದೆ.

ಅವನು ಬಲಗೈ ಮುಂದೆ ಚಾಚಿ ಅಂಗೈಯನ್ನು ಬಟ್ಟಲಿನಂತೆ ಮಾಡಿ ತೋರಿಸಿದ. ನಾನು ನೋಡಿದೆ. ಅವನು ನನ್ನ ಮುಖ ನೋಡುತ್ತ ಬೆರಳುಗಳನ್ನು ಸ್ವಲ್ಪ ಒಳಗೆ ಮಡಿಸಿದ.

"ಇಷ್ಟ್ರಿ?"

"ಇನ್ನೂ ಸ್ವಲ್ಪ."

ಇನ್ನಷ್ಟು ಮಡಿಸಿದ. ಗಂಗಮ್ಮ ಡಬ್ಬಿ ಬದಿಗಿಟ್ಟು, ಬಗ್ಗಿ ಆ ಕೈಯನ್ನು ಎರಡೂ ಕಡೆಯಿಂದ ನೋಡಿ, ತನ್ನ ಅಂಗೈ ಅದರೊಳಗಿಟ್ಟು ಅಳತೆ ಹಿಡಿದುಕೊಂಡಳು.

"ಅಷ್ಟೇ, ಸಾಕು" ಎಂದೆ.